ಬೀರಪ್ಪ ಕಾಕಾನ ಕೊನೆಯ ಅಂಕಿ

ಚಿಕ್ಕೋಡಿಯ ಒಂದು ಎಲುಬಿನ ಆಸ್ಪತ್ರೆಯಲ್ಲಿ ಹನ್ನೊಂದು ವರ್ಷ ರೋಗಗಳಿಗೆ ನಂಬರು ಹಾಕಿದೆ. ಈಗ ಬಿಟ್ಟಿದ್ದೇನೆ. ವಯಸ್ಸು ಮೂವತ್ತನಾಲ್ಕು. ಈ ವಯಸ್ಸಿಗೆ ನಿವೃತ್ತಿ ಅಂದರೆ ನಮ್ಮೂರು ಭೋಜದಲ್ಲಿ ಮಂದಿ ನಗುತ್ತಾರೆ. ನಗಲಿ. ನಾನು ಮಾಡುತ್ತಿದ್ದ ಕೆಲಸ ಯಂತ್ರದ ಪಾಲಾಯಿತು, ನಾನು ಹೊರಗೆ ಬಂದೆ. ಅದಕ್ಕೆ ಬೇರೆ ಹೆಸರು ನನಗೆ ಗೊತ್ತಿಲ್ಲ.

ಯಂತ್ರವನ್ನು ನೋಡಿಕೊಳ್ಳಲು ಮೇಘಾ ಎಂಬ ಹುಡುಗಿ ಬಂದಿದ್ದಾಳೆ. ಬೆಳಗಾವಿಯಲ್ಲಿ ಇದನ್ನೇ ಓದಿದವಳು. ಗೋಡೆಗೆ ಹಾಕುವಷ್ಟು ದೊಡ್ಡ ಸರ್ಟಿಫಿಕೇಟು ಇದೆ. ಹೋದ ತಿಂಗಳು ಅವಳು ಫೋನು ಮಾಡಿದಳು.

"ಅಣ್ಣಾ, ಕಾಲೇಜಿನ್ಯಾಗ ಕೋಡ್ ಕಲಿಸ್ಯಾರ, ಮಂದಿನ್ನ ಕಲಿಸಿಲ್ರಿ. ನೀವ್ ಮಾಡಿದ ತಪ್ಪೆಲ್ಲಾ ಬರದ ಕೊಡ್ರಿ."

"ಯಾಕವಾ, ಗೋಡೆಗೆ ಹಾಕಾಕ?"

"ಅಲ್ರಿ. ಅವನ್ನ ಬಿಟ್ಟು ನಾ ಹೊಸಾವು ಮಾಡ್ತೀನಿ."

ಈ ಮಾತು ನನಗೆ ಸೇರಿತು. ಅದಕ್ಕೇ ಬರೆಯುತ್ತಿದ್ದೇನೆ. ಬಡ್ತಿ ಎರಡು ಸಲ ಬಂತು. ಒಂದರಲ್ಲಿ ಕುರ್ಚಿಗೆ ಚಕ್ರ ಬಂತು, ಇನ್ನೊಂದರಲ್ಲಿ ತಲೆಯ ಮೇಲೆ ಫ್ಯಾನು ಬಂತು. ಅದು ಅಲ್ಲಿಗೆ ಮುಗಿಯಿತು. ತಪ್ಪುಗಳು ಬಹಳ ಇವೆ, ಅವುಗಳಲ್ಲಿ ಒಂದು ದೊಡ್ಡದು. ಬೀರಪ್ಪ ಎಂಬ ಕುರಿಗಾರನ ನಂಬರಿನಲ್ಲಿ ಕೊನೆಯ ಅಂಕಿ ಎರಡು ಆಗಬೇಕಿತ್ತು, ನಾನು ಒಂದು ಒತ್ತಿದೆ. ಅದರಿಂದ ಅವನ ಆಪರೇಷನ್ ನಿಂತಿತು. ಆಪರೇಷನ್ ಆಗದಿದ್ದರೆ ಅವನ ಕುರಿಗಳು ಹೋಗುವುದಿತ್ತು. ಅಲ್ಲಿಗೆ ಬರುತ್ತೇನೆ. ಮೊದಲು ಕೆಲಸ ಏನು ಅಂತ ಹೇಳುತ್ತೇನೆ, ಇಲ್ಲದಿದ್ದರೆ ಒಂದಕ್ಕೂ ಎರಡಕ್ಕೂ ಏನು ಫರಕು ಅಂತ ತಿಳಿಯುವುದಿಲ್ಲ.

ನಾನು ಹತ್ತನೆಯ ಪರೀಕ್ಷೆಗೆ ಎರಡು ಸಲ ಕೂತು ಎರಡು ಸಲವೂ ಬಿದ್ದವನು. ಆಮೇಲೆ ಅಪ್ಪನ ಜೊತೆ ತಂಬಾಕಿನ ಹೊಲದಲ್ಲಿ ದುಡಿದೆ. ಅಲ್ಲಿಂದ ಆಸ್ಪತ್ರೆಗೆ ಬಂದದ್ದು ಗಾಲಿಕುರ್ಚಿ ತಳ್ಳಲು. ಬಾಗಿಲಿನಿಂದ ಎಕ್ಸ್‌ರೇಗೆ, ಎಕ್ಸ್‌ರೇಯಿಂದ ಡಾಕ್ಟರ ಕೋಣೆಗೆ. ಜೊತೆಗೆ ಫೈಲು ಹೊರುವುದು.

ಫೈಲುಗಳ ಕೋಣೆಗೆ ಇಂದುಬಾಯಿ ಮೇಡಂ ಒಡತಿ. ಮಿರಜ ಕಡೆಯವರು, ಮೊದಲು ನರ್ಸ್ ಆಗಿದ್ದವರು. ಮಾತು ಅರ್ಧ ಮರಾಠಿ, ಅರ್ಧ ಕನ್ನಡ, ಬೈಗುಳ ಮಾತ್ರ ಎರಡರಲ್ಲೂ ಪೂರ್ತಿ. ಕೈಯಲ್ಲಿ ಸದಾ ಒಂದು ಮರದ ಸ್ಕೇಲು. ಒಂದು ದಿನ ಅವರಿಗೆ ಒಂದು ಫೈಲು ಸಿಗಲಿಲ್ಲ. ಅಥಣಿಯ ಮುದುಕಿ, ಬಲಗಾಲು, ಹಸಿರು ಫೈಲು, ಮೂಲೆಯಲ್ಲಿ ಚಹಾ ಚೆಲ್ಲಿದೆ ಅಂತ ಹೇಳಿ ನಾನೇ ತೆಗೆದುಕೊಟ್ಟೆ. ಅವರು ಕನ್ನಡಕ ಇಳಿಸಿ ನೋಡಿದರು.

"ಕಾಯ ರೇ, ನಿನಗ ಹೆಂಗ ಗೊತ್ತು?"

"ಚಹಾ ನಾನ ಚೆಲ್ಲೀನ್ರಿ."

ಮರುದಿನದಿಂದ ನಾನು ಒಳಗೆ.

ಕೆಲಸ ಇಷ್ಟೇ. ಡಾಕ್ಟರು ಫೈಲಿನಲ್ಲಿ ಬರೆದ ರೋಗಕ್ಕೆ ಪಟ್ಟಿಯಲ್ಲಿ ಯಾವ ನಂಬರು ಇದೆಯೋ ಅದನ್ನು ಹಾಕಬೇಕು. ಜಗತ್ತಿನ ಎಲ್ಲ ರೋಗಕ್ಕೂ ಒಂದು ನಂಬರು ಇದೆ. ಆಪರೇಷನ್ ಆಗುವವರ ಫೈಲು ಆಪರೇಷನ್‌ಗಿಂತ ಮೊದಲೇ ನಮ್ಮಲ್ಲಿಗೆ ಬರುತ್ತದೆ. ನಮ್ಮ ನಂಬರು ಮತ್ತು ಡಾಕ್ಟರ ಚೀಟಿ ವಿಮೆಯವರಿಗೆ ಹೋಗುತ್ತದೆ. ಪುಣೆಯಲ್ಲೋ ಮುಂಬೈಯಲ್ಲೋ ಕೂತವನು ಅದನ್ನು ನೋಡಿ ಹೂಂ ಅನ್ನುತ್ತಾನೆ, ಇಲ್ಲವೇ ಊಹೂಂ ಅನ್ನುತ್ತಾನೆ. ಅವನು ರೋಗಿಯನ್ನು ನೋಡಿರುವುದಿಲ್ಲ. ನಂಬರನ್ನು ನೋಡಿರುತ್ತಾನೆ. ನಮ್ಮ ಕೋಣೆಗೆ ಬರುವವರು ಇದೊಂದನ್ನು ಮರೆಯಬಾರದು.

ನಮ್ಮಲ್ಲಿ ಹೆಚ್ಚಾಗಿ ಬರುತ್ತಿದ್ದದ್ದು ಬೆನ್ನಿನವರು. ಅಥಣಿ, ಕಾಗವಾಡ, ರಾಯಬಾಗದ ಕಡೆಯಿಂದ ಕಬ್ಬು ಕಡಿದು, ಹೊತ್ತು, ಬಗ್ಗಿ ಬಗ್ಗಿ ಸೊಂಟ ಹೋದವರು. ಕೆಲವರನ್ನು ಮನೆಯವರು ಟ್ರ್ಯಾಕ್ಟರಿನಲ್ಲೇ ಕರೆತರುತ್ತಿದ್ದರು. ಒಂದು ರೋಗ ಇಟ್ಟುಕೊಂಡು ಟ್ರ್ಯಾಕ್ಟರು ಹತ್ತಿದವರು ಇಳಿಯುವಾಗ ಎರಡು ರೋಗ ಇಟ್ಟುಕೊಂಡು ಇಳಿಯುತ್ತಿದ್ದರು.

ಅವರಲ್ಲಿ ಅರ್ಧ ಮಂದಿಗೆ ಇದ್ದದ್ದು ಬೆನ್ನುಹುರಿಯ ದಾರಿ ಕಿರಿದಾಗುವ ರೋಗ. ಅದು ಏನು ಅಂತ ಇಂದುಬಾಯಿ ನನಗೆ ತಮ್ಮ ಕೈಬಳೆ ಹಿಡಿದು ಕಲಿಸಿದರು. ಬೆನ್ನೆಲುಬಿನ ಒಂದೊಂದು ಮಣಿಯಲ್ಲೂ ಒಂದು ಬಳೆ ಇದೆ ಅಂದುಕೊ. ಎಲ್ಲ ಬಳೆಗಳ ಒಳಗಿಂದ ನರಗಳ ಜಡೆ ಇಳಿದು ಕಾಲಿಗೆ ಹೋಗುತ್ತದೆ. ವಯಸ್ಸಾದಂತೆ ಬಳೆ ಒಳಗಿನಿಂದ ದಪ್ಪವಾಗುತ್ತದೆ. ತೂತು ಸಣ್ಣದಾಗಿ ಜಡೆ ಹಿಸುಕಿಕೊಳ್ಳುತ್ತದೆ. ನಿಗುರಿ ನಿಂತರೆ ಬಳೆ ಇನ್ನೂ ಬಿಗಿ, ಮುಂದಕ್ಕೆ ಬಗ್ಗಿದರೆ ಸ್ವಲ್ಪ ಸಡಿಲ.

"ಕಳ್ಯಾ?" ಅಂದರು. ತಿಳಿಯಿತಾ ಅಂತ.

"ತಿಳೀತ್ರಿ. ಆಪರೇಷನ್ ಅಂದ್ರ ಬಳಿ ಕೆತ್ತೂದು."

"ಬಸ್. ನೀ ಡಾಕ್ಟರ ಆದಿ. ಈಗ ಕಸಾ ಹೊಡಿ."

ಈ ರೋಗದ ನಂಬರು ಎಂ 48.0. ಅದರ ಮುಂದೆ ಜಾಗದ ಅಂಕಿ. ಕುತ್ತಿಗೆಗೆ ಎರಡು, ಸೊಂಟಕ್ಕೆ ಆರು. ನನ್ನ ಮೊದಲ ತಪ್ಪು ಅಲ್ಲೇ ಆಯಿತು. ಅಥಣಿಯ ಒಬ್ಬ ದ್ರಾಕ್ಷಿ ತೋಟದ ಸಾಹುಕಾರರಿಗೆ ಸೊಂಟದ ಬದಲು ಕುತ್ತಿಗೆ ಒತ್ತಿಬಿಟ್ಟೆ. ಅವರ ಸೊಂಟದ ಆಪರೇಷನ್ ಆಗಿ ನಾಲ್ಕು ದಿನಕ್ಕೆ ವಿಮೆಯವರ ಪತ್ರ ಬಂತು. ದೊಡ್ಡ ಡಾಕ್ಟರು ನನ್ನನ್ನು ವಾರ್ಡಿಗೇ ಕರೆಸಿದರು. ಆ ಸಾಹುಕಾರರ ಮಂಚದ ಮುಂದೆಯೇ.

"ಏ ಸಿದರಾಯ, ಕುತ್ತಿಗಿ ಬ್ಯಾನಿಗೆ ಸೊಂಟಾ ಯಾಕ ಕೊಯ್ದಿ ಅಂತ ಪುಣೆದವ್ರು ನನ್ನ ಕೇಳಾಕತ್ತಾರ. ಏನ್ ಹೇಳ್ಲಿ?"

"ತಪ್ಪಾತ್ರಿ ಸರ್."

"ತಪ್ಪಾಗಿದ್ದ ನನಗೂ ಗೊತ್ತೈತಿ. ಏನ್ ಹೇಳ್ಲಿ ಅಂತ ಕೇಳಿದೆ."

ಮಂಚದ ಮೇಲಿಂದ ಸಾಹುಕಾರರೇ ಬಾಯಿ ಹಾಕಿದರು.

"ಡಾಕ್ಟರ್ ಸಾಹೇಬ್ರ, ಹುಡುಗನ್ನ ಬೈಬ್ಯಾಡ್ರಿ. ಕುತ್ತಿಗಿಗಿ ಪರವಾನಗಿ ಬಂದಿದ್ರ ಅದನ್ನೂ ಒಂದೀಟ ಮಾಡೇ ಬಿಡ್ರಿ. ಎಡಕ್ಕ ಹೊಳ್ಳಿದ್ರ ಹಿಡಿತೈತಿ."

ಡಾಕ್ಟರು ನಕ್ಕರು, ನಾನು ಉಳಿದೆ. ಅಂದಿನಿಂದ ಒಂದು ಅಭ್ಯಾಸ ಮಾಡಿಕೊಂಡೆ. ಆರು ಒತ್ತುವ ಮೊದಲು ನನ್ನ ಸೊಂಟ ಮುಟ್ಟಿಕೊಳ್ಳುತ್ತಿದ್ದೆ, ಎರಡು ಒತ್ತುವ ಮೊದಲು ನನ್ನ ಕುತ್ತಿಗೆ. ಹೊರಗಿನಿಂದ ನೋಡಿದವರು ಪಾಪ ಈ ಹುಡುಗನಿಗೂ ಬಂದಿದೆ ಅಂತ ಮಾತಾಡಿಕೊಂಡರು. ಮಾತಾಡಲಿ. ಮತ್ತೆ ಆ ತಪ್ಪು ಆಗಲಿಲ್ಲ. ಮೇಘಾ, ಇದನ್ನು ನೀನು ಕದಿಯಬಹುದು.

ನಾನು ಸೇರಿದಾಗ ನಂಬರಿನ ಪಟ್ಟಿ ಒಂದು ಝೆರಾಕ್ಸ್ ಮಾಡಿದ ದಪ್ಪ ಪುಸ್ತಕವಾಗಿತ್ತು. ಅಂಚಿನಲ್ಲೆಲ್ಲ ಇಂದುಬಾಯಿ ಪೆನ್ಸಿಲಿನಲ್ಲಿ ಬರೆದ ಮರಾಠಿ. ಆಮೇಲೆ ಕಂಪ್ಯೂಟರು ಬಂತು. ಆಮೇಲೆ ಹೊಸ ಸಾಫ್ಟ್‌ವೇರು ಬಂತು, ಅದರಲ್ಲಿ ಅಮೆರಿಕದವರ ಪಟ್ಟಿ ಇತ್ತು. ಒಂದು ಸೋಮವಾರ 48.06 ಹೊಡೆದರೆ ಪರದೆಯಲ್ಲಿ ಕೆಂಪು ಚೌಕ ಬಂತು. ಇನ್ನೊಂದು ಅಂಕಿ ಬೇಕಂತೆ.

ಅದು ಕೇಳುತ್ತಿದ್ದದ್ದು ಇಷ್ಟು: ಈ ರೋಗಿ ನಡೆದರೆ ಕಾಲು ಹಿಡಿದು ನಿಲ್ಲಬೇಕಾಗುತ್ತದೆಯೇ? ಇಲ್ಲ ಅಂದರೆ ಒಂದು. ಹೌದು ಅಂದರೆ ಎರಡು.

ಸೊಂಟದ ಬಳೆ ಬಿಗಿಯಾದವರಿಗೆ ಹೀಗೆ ಆಗುತ್ತದೆ. ಸ್ವಲ್ಪ ನಡೆದರೆ ಕಾಲು ಜೋಮು ಹಿಡಿಯುತ್ತದೆ. ಕೂತರೆ ಅಥವಾ ಬಗ್ಗಿದರೆ ಎರಡು ನಿಮಿಷದಲ್ಲಿ ಇಳಿಯುತ್ತದೆ. ಮತ್ತೆ ನಡೆಯುತ್ತಾರೆ, ಮತ್ತೆ ನಿಲ್ಲುತ್ತಾರೆ. ಕಾಗವಾಡದಿಂದ ಒಬ್ಬ ಹಾಲಿನವ ಬರುತ್ತಿದ್ದ. "ಸೈಕಲ್ ಮ್ಯಾಲ ಬಗ್ಗಿ ಕುಂತ್ರ ಮಿರಜ ತನಾ ಹೊಕ್ಕೀನ್ರಿ, ಇಳದ್ರ ಪಾನ್ ಅಂಗಡಿ ಮುಟ್ಟೂದಿಲ್ರಿ" ಅಂದಿದ್ದ. ಅವನದು ಎರಡು. ಅನುಮಾನವೇ ಇಲ್ಲ.

ಪುಣೆಯವರಿಗೆ ಈ ಅಂಕಿ ಬಹಳ ಹಿಡಿಸಿತು. ಎರಡು ಇದ್ದರೆ ಆಪರೇಷನ್‌ಗೆ ಹೂಂ ಅನ್ನುವುದು ಸುಲಭ. ಒಂದು ಇದ್ದರೆ ಮೊದಲು ಗುಳಿಗೆ ತಿನ್ನಲಿ, ವ್ಯಾಯಾಮ ಮಾಡಲಿ ಅನ್ನುತ್ತಿದ್ದರು. ಎಲ್ಲ ಸಲವೂ ಅಲ್ಲ, ಆದರೆ ಬಹಳ ಸಲ.

ಈಗ ಬೀರಪ್ಪ ಕಾಕಾ.

ರಾಯಬಾಗ ತಾಲೂಕಿನವನು. ಅರವತ್ತು ದಾಟಿತ್ತು. ಸ್ವಲ್ಪ ಹೊಲ, ಬಹಳ ಕುರಿ. ಹೆಗಲ ಮೇಲೆ ಕಂಬಳಿ, ಕೈಯಲ್ಲಿ ತನ್ನ ಗದ್ದದವರೆಗೆ ಬರುವ ಬಡಿಗೆ. ನಿಪ್ಪಾಣಿಯ ಒಂದು ಕಾರ್ಖಾನೆಯಲ್ಲಿ ಕೆಲಸ ಮಾಡುವ ಮಗಳು ಸುರೇಖಾ ಅವನನ್ನು ಕರೆತಂದಿದ್ದಳು. ಅವಳ ವಿಮೆಯಲ್ಲಿ ಅಪ್ಪನ ಹೆಸರೂ ಇತ್ತು. ಬಸ್ಸಿಗೆ ಕಾಯುತ್ತ ನಿಂತರೆ ಅಪ್ಪನಿಗೆ ಕಾಲಲ್ಲಿ ಇರುವೆ ಹರಿದಂತಾಗುತ್ತದೆ ಅಂತ ಅವಳ ದೂರು. ಒಳಗಿನ ಚಿತ್ರ ತೆಗೆದಾಗ ಸೊಂಟದ ಮೂರು ಬಳೆ ಬಿಗಿದಿದ್ದವು. ಇಷ್ಟು ಬಿಗಿದವರು ಕಡಿಮೆ. ದೊಡ್ಡ ಡಾಕ್ಟರು ನೋಡಿದ ಕೂಡಲೇ ಆಪರೇಷನ್ ಅಂದರು.

ಮಿಕ್ಕ ಪ್ರಶ್ನೆ ಕೇಳಿ ಬರೆದುಕೊಳ್ಳುವುದು ಚಿಕ್ಕ ಡಾಕ್ಟರ ಕೆಲಸ. ಆ ಹುಡುಗ ಮೈಸೂರು ಕಡೆಯವನು, ಒಳ್ಳೆಯವನು. ಅಂದು ಫೈಲು ಒಯ್ಯಲು ಹೋಗಿ ನಾನು ಅಲ್ಲೇ ನಿಂತಿದ್ದೆ.

"ಎಷ್ಟು ದೂರ ನಡೀತೀರಾ ಅಜ್ಜ?"

"ಹೊತ್ತ ಹೊಂಟಾಗಿಂದ ಹೊತ್ತ ಮುಣಗೂ ತನಾ."

"ಇಡೀ ದಿನಾನಾ? ಮಧ್ಯದಲ್ಲಿ ನಿಲ್ಲಬೇಕಾಗುತ್ತಾ?"

"ನಾ ಯಾಕ ನಿಂದರ್ಲಿ? ಕುರಿ ನಿಂದರ್ತಾವ."

ಹುಡುಗ ಬರೆದ: ದಿನವಿಡೀ ನಡೆಯುತ್ತಾರೆ, ನಿಲ್ಲುವುದಿಲ್ಲ. ನಾನು ಫೈಲು ಒಯ್ದು, ಸೊಂಟ ಮುಟ್ಟಿ ಆರು ಒತ್ತಿದೆ, ಆಮೇಲೆ ಒಂದು ಒತ್ತಿದೆ. ಮಧ್ಯಾಹ್ನ ರೊಟ್ಟಿ ತಿಂದೆ. ಏನೂ ಅನ್ನಿಸಲಿಲ್ಲ.

ಒಂದು ವಾರಕ್ಕೆ ಪುಣೆಯಿಂದ ಊಹೂಂ ಬಂತು. ದಿನವಿಡೀ ನಡೆಯುವ ಮನುಷ್ಯನಿಗೆ ಈಗಲೇ ಆಪರೇಷನ್ ಬೇಡ, ಆರು ತಿಂಗಳು ಗುಳಿಗೆ, ವ್ಯಾಯಾಮ, ಆಮೇಲೆ ನೋಡೋಣ.

ಮರುದಿನ ಸುರೇಖಾ ನಮ್ಮ ಕಿಟಕಿಗೆ ಬಂದಳು. ಕಾರ್ಖಾನೆಯ ಬಟ್ಟೆಯಲ್ಲೇ ಬಂದಿದ್ದಳು.

"ಯಾರ್ರಿ ಇಲ್ಲಿ ನಂಬರ ಹಾಕಾವ್ರು?"

"ನಾನವಾ."

"ನಮ್ಮಪ್ಪಗ ಏನ್ ಹಾಕೀರಿ?"

ನಾನು ಹೇಳಿದೆ. ಒಂದು ಅಂದರೇನು, ಎರಡು ಅಂದರೇನು, ಅದನ್ನೂ ಹೇಳಿದೆ. ಅವಳು ಕಿಟಕಿಯ ಸರಳು ಹಿಡಿದುಕೊಂಡಳು.

"ಮಳಿ ಮುಗದ ಮ್ಯಾಲ ನಮ್ಮ ಮಂದಿ ಎಲ್ಲಾ ಕೂಡಿ ಕುರಿ ಹೊಡಕೊಂಡ ದೂರ ಹೊಕ್ಕಾರ್ರಿ. ಈಗ ಕೊಯ್ದ್ರ ನಮ್ಮಪ್ಪ ಅಷ್ಟೊತ್ತಿಗೆ ಆರಾಮ ಆಕ್ಕಾನ. ಆರ ತಿಂಗಳ ಬಿಟ್ರ ಯಾರ ಕರಕೊಂಡ ಹೋಗ್ತಾರ? ಬ್ಯಾಪಾರಿ ಆಗಲೇ ಬಂದ ಕುರಿ ಬೆನ್ನ ಮುಟ್ಟಿ ನೋಡಿ ಹೋಗ್ಯಾನ. ನಮ್ಮಪ್ಪ ಹ್ವಾದ ವರ್ಸನ ಹಿಂದ ಉಳದಿದ್ದ, ಈ ವರ್ಸ ಸಂಗಡ ಬ್ಯಾಡ ಅಂದಾರ ನಮ್ಮ ಮಂದಿ."

"ಕುರಿ ಮಾರಿದ್ರ ಏನಾತವಾ, ಕುಂತ ಉಣ್ಲಿ."

ಕಾಕಾನ ವಿಷಯದಲ್ಲಿ ಇದು ನನ್ನ ಎರಡನೆಯ ತಪ್ಪು.

"ನಮ್ಮಪ್ಪ ಕುಂತಿದ್ದ ನಾ ನೋಡೇ ಇಲ್ರಿ," ಅಂದಳು. "ಕುರಿ ಹ್ವಾದ್ರ ಅಂವ ಏನ್ ಮಾಡಬೇಕ್ರಿ? ಎರಡ ಹಾಕ್ರಿ. ಒಂದ ಬಟನ್ ಅಲ್ಲೇನ್ರಿ?"

ಒಂದೇ ಬಟನ್ ನಿಜ. ಬಸ್ಸಿಗೆ ಕಾಯುವಾಗ ಕಾಲು ಹಿಡಿಯುವವನಿಗೆ ನಡೆಯುವಾಗ ಹಿಡಿಯುವುದಿಲ್ಲವೇ ಅಂತ ನನಗೂ ಆಗ ಹೊಳೆಯಿತು. ಬೆರಳು ಒಯ್ದೆ. ಫಟ್ ಅಂತ ಸ್ಕೇಲು ಬಿತ್ತು. ಇಂದುಬಾಯಿ ಹಿಂದೆಯೇ ನಿಂತಿದ್ದರು.

"ಫೈಲಿನ್ಯಾಗ ಐತೇನ?"

"ಇಲ್ರಿ, ಆದ್ರ—"

"ಇಲ್ಲಂದ್ರ ಇಲ್ಲ. ಇವತ್ತ ಖರೇ ಅಂತ ನೀ ಹಾಕ್ತಿ, ನಾಳೆ ಇನ್ನೊಬ್ಬ ಸುಳ್ಳ ಹಾಕಸ್ತಾನ. ಡಾಕ್ಟರ ಬರೀದ ನಿನ್ನ ಬೆರಳ ಅಲ್ಲಾಡಬಾರ್ದು. ತಗಿ ಕೈ."

ಆಮೇಲೆ ಕಿಟಕಿಯ ಕಡೆ ತಿರುಗಿ, ಮನೆಯ ಕೂಸನ್ನು ಕರೆಯುವ ಹಾಗೆ ಮೆತ್ತಗೆ ಅಂದರು: "ಬಾಳ, ನಿಮ್ಮಪ್ಪ ಡಾಕ್ಟರ ಮುಂದ ಇನ್ನೊಮ್ಮೆ ಖರೆ ಹೇಳ್ಲಿ."

"ಅಂವ ಖರೇನ ಹೇಳ್ಯಾನ್ರಿ," ಅಂದಳು ಸುರೇಖಾ. "ಅದ ದೊಡ್ಡ ತ್ರಾಸ."

ಆ ಮಾತು ನನ್ನ ತಲೆಯಲ್ಲಿ ಕೂತಿತು. ಭಾನುವಾರ ಬೈಕು ತೆಗೆದು ರಾಯಬಾಗದ ಕಡೆ ಹೋದೆ. ಇದು ನನ್ನ ಕೆಲಸವಲ್ಲ. ಯಾರೂ ಹೇಳಿರಲಿಲ್ಲ. ಮನೆಯಲ್ಲಿ ಕೂತರೆ ಊಟ ಇಳಿಯುತ್ತಿರಲಿಲ್ಲ, ಅದಕ್ಕೆ ಹೋದೆ.

ಕಬ್ಬು ಕಡಿದ ದೊಡ್ಡ ಹೊಲದಲ್ಲಿ ಕಾಕಾ ಸಿಕ್ಕ. ಬಡಿಗೆಯನ್ನು ಮುಂದೆ ಊರಿ, ಅದರ ತುದಿಯ ಮೇಲೆ ಎರಡೂ ಕೈ, ಕೈಯ ಮೇಲೆ ಗದ್ದ ಇಟ್ಟು ಬಗ್ಗಿ ನಿಂತಿದ್ದ. ಕುರಿಗಾರರು ನಿಲ್ಲುವುದೇ ಹಾಗೆ. ಚಿಕ್ಕಂದಿನಿಂದ ನೋಡಿದ್ದೇನೆ. ಅದಕ್ಕೇ ಅದು ಕಣ್ಣಿಗೆ ಬೀಳುವುದಿಲ್ಲ.

"ಯಾರಪಾ, ಬ್ಯಾಪಾರಿ ಕಡೆಯಾಂವೇನು?"

"ಅಲ್ರಿ ಕಾಕಾ, ದವಾಖಾನಿಯಾಂವ. ನಂಬರ ಹಾಕಾಂವ."

"ಓ, ಬಟನ್ ಒತ್ತಾಂವ ನೀನ? ನನ್ನ ಮಗಳ ನಿನ್ನ ಭಾಳ ಬೈದಾಳ."

"ಗೊತ್ತೈತ್ರಿ, ಮುಂದ ನಿಂತ ಬೈದಾಳ."

ಕಾಕಾ ನಕ್ಕ. ಬಾ, ಕುರಿ ಸಂಗಡ ನಡಿ ಅಂದ. ನಡೆದೆ. ಅವನು ಚೆನ್ನಾಗಿಯೇ ನಡೆಯುತ್ತಿದ್ದ. ಸ್ವಲ್ಪ ದೂರಕ್ಕೆ ಕುರಿ ನಿಂತವು, ಅವನೂ ಬಡಿಗೆಯ ಮೇಲೆ ಬಗ್ಗಿದ. ಎರಡು ನಿಮಿಷ. ಮತ್ತೆ ಹೊರಟೆವು. ಮತ್ತೆ ಕುರಿ ನಿಂತವು, ಮತ್ತೆ ಬಗ್ಗಿದ. ನಾನು ಹೆಜ್ಜೆ ಎಣಿಸತೊಡಗಿದೆ. ನಲವತ್ತು. ಮತ್ತೆ ನಲವತ್ತು. ಮತ್ತೆ ಮೂವತ್ತೆಂಟು. ಮೇವು ಇದ್ದಲ್ಲಿಯೂ ನಲವತ್ತು, ಬರೀ ಮಣ್ಣು ಇದ್ದಲ್ಲಿಯೂ ನಲವತ್ತು. ಮಣ್ಣಿನಲ್ಲಿ ಕುರಿ ಯಾಕೆ ನಿಲ್ಲಬೇಕು?

ಆಗ ಕಾಕಾನನ್ನು ಬಿಟ್ಟು ಕುರಿಗಳನ್ನು ನೋಡಿದೆ. ಎಲ್ಲಕ್ಕಿಂತ ಮುಂದೆ ಕೊರಳಿಗೆ ಗಂಟೆ ಕಟ್ಟಿದ ಒಂದು ಹೋತ ಇತ್ತು. ನಲವತ್ತು ಹೆಜ್ಜೆ ಆಗುತ್ತಲೇ ಕಾಕಾ ನಾಲಿಗೆಯಿಂದ ಟ್ರ್ರ್ ಅಂತ ಸಣ್ಣ ಸದ್ದು ಮಾಡುತ್ತಿದ್ದ. ಗಂಟೆ ನಿಲ್ಲುತ್ತಿತ್ತು. ಹಿಂದಿನ ಕುರಿಗಳೆಲ್ಲ ನಿಲ್ಲುತ್ತಿದ್ದವು. ಆಮೇಲೆ ಇವನು ಬಡಿಗೆಯ ಮೇಲೆ ಬಗ್ಗುತ್ತಿದ್ದ. ಕುರಿ ನಿಂತದ್ದಕ್ಕೆ ಇವನು ನಿಲ್ಲುತ್ತಿರಲಿಲ್ಲ. ಇವನು ನಿಲ್ಲಬೇಕಾದ್ದಕ್ಕೆ ಕುರಿ ನಿಲ್ಲುತ್ತಿದ್ದವು. ಆ ಸದ್ದು ಮಾಡುವುದು ಅವನಿಗೇ ಗೊತ್ತಿರಲಿಲ್ಲ.

"ಕಾಕಾ, ಇವು ಮೊದಲೂ ಹಿಂಗ ಗಳಿಗಿಗೊಮ್ಮೆ ನಿಂದರ್ತಿದ್ವೇನ್ರಿ?"

"ಮೊದಲ ಎಲ್ಲಿದಪಾ. ಮೊದಲ ಗಾಳಿ ಹೊಡದಂಗ ಓಡತಿದ್ದು. ಈಗೀಗ ಎರಡ ವರ್ಸದಾಗ ಶಾಣ್ಯಾ ಆಗ್ಯಾವು."

ನನಗೆ ನಗು ತಡೆಯಲಿಲ್ಲ. ಅವನೂ ಯಾಕೆ ಅಂತ ಗೊತ್ತಿಲ್ಲದೆ ನಕ್ಕ.

ಸೋಮವಾರ ಇಂದುಬಾಯಿಗೆ ಎಲ್ಲ ಹೇಳಿದೆ. ಅವರು ಪೂರ್ತಿ ಕೇಳಿ, ಒಂದು ಚೀಟಿ ತೆಗೆದು ಡಾಕ್ಟರಿಗೆ ಬರೆದರು: ಈ ರೋಗಿಯ ನಡಿಗೆಯನ್ನು ಕುರಿ ಇಲ್ಲದೆ, ಬಡಿಗೆ ಇಲ್ಲದೆ ಇನ್ನೊಮ್ಮೆ ನೋಡಬೇಕು. ಇದು ನಮ್ಮ ಕೆಲಸದ ನೇರ ದಾರಿ, ಮೇಘಾ. ಅನುಮಾನ ಬಂದರೆ ಬಟನ್ ಒತ್ತಬೇಡ, ಡಾಕ್ಟರನ್ನು ಕೇಳು. ಬರೆದು ಕೇಳು. ನಾನು ಮೊದಲ ದಿನವೇ ಕೇಳಬೇಕಿತ್ತು. ಕುರಿ ನಿಂದರ್ತಾವ ಅಂದದ್ದು ನನ್ನ ಕಿವಿಗೂ ಬಿದ್ದಿತ್ತು. ಆ ಮೈಸೂರಿನ ಹುಡುಗನಿಗೆ ಕುರಿ ಗೊತ್ತಿರಲಿಲ್ಲ, ನನಗೆ ಗೊತ್ತಿತ್ತು.

ದೊಡ್ಡ ಡಾಕ್ಟರು ಚೀಟಿ ಓದಿ ಹುಬ್ಬು ಏರಿಸಿದರು.

"ಕುರಿ ಇಲ್ಲದ ಅಂದ್ರ ಏನ್ರಿ ಮೇಡಂ? ದವಾಖಾನಿಗೆ ಯಾರ ಕುರಿ ತರ್ತಾರ?"

"ಬಘಾ ತರ್ ಸರ್," ಅಂದರು ಇಂದುಬಾಯಿ. ಒಮ್ಮೆ ನೋಡಿ ಅಂತ.

ಗುರುವಾರ ಸುರೇಖಾ ಅಪ್ಪನನ್ನು ಕರೆತಂದಳು. ನಮ್ಮ ಆಸ್ಪತ್ರೆಯ ಒಳಗಿನ ಓಣಿ ಉದ್ದ. ಈ ತುದಿಗೆ ಡಾಕ್ಟರ ಕೋಣೆ, ಆ ತುದಿಗೆ ಔಷಧದ ಅಂಗಡಿ, ನಡುವೆ ಎಕ್ಸ್‌ರೇ ಬಾಗಿಲು, ಕುಡಿಯುವ ನೀರಿನ ಟಾಕಿ. ಹೊರಗೆ ಕೂತಿದ್ದ ರೋಗಿಗಳೆಲ್ಲ ತಿರುಗಿ ನೋಡತೊಡಗಿದರು.

"ಕಾಕಾ, ಬಡಿಗಿ ಕೊಡು," ಅಂದರು ಡಾಕ್ಟರು.

"ಬಡಿಗಿ ಯಾಕ್ರಿ? ನಾ ಯಾರಿಗೂ ಹೊಡ್ಯಾಂವ ಅಲ್ಲ."

"ಅಪ್ಪಾ, ಕೊಡೋ," ಅಂದಳು ಸುರೇಖಾ, ಕಸಿದುಕೊಂಡಳು.

"ಶಿಸ್ತ ನಿಗುರಿ ಆ ಔಷಧದ ಅಂಗಡಿ ತನಾ ಹೋಗಿ ಬಾ. ನಾ ಇಲ್ಲೇ ಇರ್ತೀನಿ."

ಕಾಕಾ ಮದುಮಗನ ಹಾಗೆ ನೆಟ್ಟಗೆ ಹೊರಟ. ಎಕ್ಸ್‌ರೇ ಬಾಗಿಲು ದಾಟಿದ. ನಾನು ಮನಸ್ಸಿನಲ್ಲೇ ಎಣಿಸುತ್ತಿದ್ದೆ. ಇಪ್ಪತ್ತು. ಮೂವತ್ತು. ನೀರಿನ ಟಾಕಿ ಬಂತು. ಕಾಲು ಎಳೆಯತೊಡಗಿತು. ಸುರೇಖಾ ಬಡಿಗೆಯನ್ನು ಎರಡೂ ಕೈಯಲ್ಲಿ ಬಿಗಿಯಾಗಿ ಹಿಡಿದಿದ್ದಳು. ಮೂವತ್ತೇಳು. ಅಲ್ಲಿ ನಿಂತ. ಬಾಯಿಂದ ಟ್ರ್ರ್ ಅಂತ ಸದ್ದು ಬಂತು. ಕೈ ಗಾಳಿಯಲ್ಲಿ ಬಡಿಗೆ ಹುಡುಕಿತು, ಸಿಗಲಿಲ್ಲ, ಎರಡೂ ಮೊಣಕಾಲಿನ ಮೇಲೆ ಕೈ ಊರಿ ಬಗ್ಗಿದ.

"ಯಾಕ ನಿಂತಿ ಕಾಕಾ?" ಡಾಕ್ಟರು ಈ ತುದಿಯಿಂದ ಕೂಗಿದರು.

ಕಾಕಾ ತಲೆ ಎತ್ತದೆ ಹೇಳಿದ: "ಕುರಿ ಮೇಯ್ಲಿ, ತಡೀರಿ."

ಇಡೀ ಓಣಿ ನಕ್ಕಿತು. ಔಷಧದ ಅಂಗಡಿಯವನು ಹೊರಗೆ ಬಂದು ನೋಡಿದ. ಕಾಕಾ ಬಗ್ಗಿದಲ್ಲಿಂದಲೇ ಕಣ್ಣು ತೆರೆದು ಕೆಳಗೆ ನೋಡಿದ. ಬಿಳಿ ಟೈಲ್ಸು. ಆ ಕಡೆ ನೋಡಿದ, ಈ ಕಡೆ ನೋಡಿದ.

"ಏ ಇವನೌನ, ಕುರಿನ ಇಲ್ಲಲಾ!" 

ಅವನೂ ಜೋರಾಗಿ ನಕ್ಕ. ಆಮೇಲೆ ತನ್ನ ಕಾಲುಗಳನ್ನು ಬಹಳ ಹೊತ್ತು ನೋಡಿದ, ಯಾರೋ ಬೇರೆಯವರ ಕಾಲು ನೋಡಿದ ಹಾಗೆ. ಸುರೇಖಾ ಓಡಿಹೋಗಿ ಬಡಿಗೆ ಕೊಟ್ಟಳು. ಡಾಕ್ಟರು ನಗುತ್ತಿರಲಿಲ್ಲ. ಗಡಿಯಾರ ನೋಡುತ್ತಿದ್ದರು. ಎರಡು ನಿಮಿಷಕ್ಕೆ ಕಾಕಾ ನೆಟ್ಟಗಾದ, ಮತ್ತೆ ನಡೆದ, ಅಂಗಡಿ ಮುಟ್ಟುವ ಮೊದಲೇ ಮತ್ತೆ ನಿಂತ. ಮೂರು ಸಲ ಹಾಗೆ ನೋಡಿ ಡಾಕ್ಟರು ಚಿಕ್ಕ ಡಾಕ್ಟರ ಕೈಯಿಂದ ಫೈಲು ತೆಗೆದುಕೊಂಡು ತಾವೇ ಬರೆದರು. ಎಷ್ಟು ಹೆಜ್ಜೆಗೆ ನಿಂತ, ಎಷ್ಟು ಹೊತ್ತಿಗೆ ಇಳಿಯಿತು, ಎಲ್ಲ. ಸಹಿ ಹಾಕಿ ಫೈಲು ನನ್ನ ಎದೆಗೆ ಒತ್ತಿದರು.

"ಹೋಗು ಸಿದರಾಯ. ಈಗ ಒತ್ತು."

ಸೊಂಟ ಮುಟ್ಟಿ ಆರು ಒತ್ತಿದೆ. ಆಮೇಲೆ ಎರಡು. ಇಂದುಬಾಯಿ ಸ್ಕೇಲನ್ನು ಮೇಜಿನ ಮೇಲೆ ಇಟ್ಟರು. ಅದನ್ನು ಅವರು ಕೆಳಗಿಟ್ಟದ್ದನ್ನು ನಾನು ಅಂದೇ ನೋಡಿದ್ದು.

ಪುಣೆಯವರು ಒಂದು ಸಲ ಫೋನು ಮಾಡಿ ಮೊದಲು ಒಂದು, ಈಗ ಎರಡು, ಯಾಕೆ ಅಂತ ಕೇಳಿದರು. ನಾನು ಕುರಿಯ ಕಥೆ ಹೇಳಲು ಶುರು ಮಾಡಿದೆ. ಆ ಕಡೆಯ ಹೆಣ್ಣುಮಗಳು ಡಾಕ್ಟರಿಗೆ ಕೊಡಿ ಅಂದಳು. ಡಾಕ್ಟರೂ ಕುರಿಯ ಕಥೆಯನ್ನೇ ಹೇಳಿದರು. ನಾಲ್ಕನೆಯ ದಿನ ಹೂಂ ಬಂತು. ಆಪರೇಷನ್ ಆಯಿತು. ಕಾಕಾ ವಾರ್ಡಿನಲ್ಲಿ ಇದ್ದಷ್ಟು ದಿನ ಪಕ್ಕದ ಮಂಚದವರಿಗೆಲ್ಲ ತನ್ನ ಹೋತದ ಗುಣಗಾನ ಮಾಡಿದ. ಮಳೆ ಮುಗಿಯುವ ಹೊತ್ತಿಗೆ ಸುರೇಖಾ ಒಂದು ದಿನ ಕಿಟಕಿಗೆ ಬಂದು, ಒಳಗೆ ಒಂದು ಕಂಬಳಿ ತೂರಿಸಿ, "ಹ್ವಾದ್ರಿ ಎಲ್ಲಾರೂ, ನಮ್ಮಪ್ಪ ಎಲ್ಲಾರ್ಕಿಂತ ಮುಂದ ಹ್ವಾದ" ಅಂತ ಹೇಳಿ ನಿಲ್ಲದೆ ಹೋದಳು. ಕಂಬಳಿಯನ್ನು ಇಂದುಬಾಯಿ ಒಯ್ದರು. ದೊಡ್ಡವರು, ನಾನು ಬಾಯಿ ಬಿಡಲಿಲ್ಲ.

ಅದಾದ ಮೇಲೆ ಮೂರು ವರ್ಷ ಇದ್ದೆ. ಇಂದುಬಾಯಿ ಮಿರಜಕ್ಕೆ ಮಗನ ಮನೆಗೆ ಹೋದರು. ಸ್ಕೇಲು ನನಗೆ ಬಿಟ್ಟರು. ಆಮೇಲೆ ಫೈಲನ್ನು ತಾನೇ ಓದಿ ನಂಬರು ಹೇಳುವ ಯಂತ್ರ ಬಂತು. ನನಗೆ ಹೊರಗೆ ಸ್ವಾಗತದ ಮೇಜಿನಲ್ಲಿ ಕೂರು ಅಂದರು. ಅಲ್ಲಿ ಇಡೀ ದಿನ ಹಲ್ಲು ಕಿರಿಯಬೇಕು, ನನಗೆ ಆಗುವುದಿಲ್ಲ ಅಂದೆ. ಈಗ ಭೋಜದಲ್ಲಿ ಹನಿ ನೀರಾವರಿಯ ಪೈಪು ರಿಪೇರಿ ಮಾಡುತ್ತೇನೆ. ಪೈಪಿನೊಳಗೆ ಉಪ್ಪು ಕಟ್ಟಿ ದಾರಿ ಕಿರಿದಾಗುತ್ತದೆ. ಬಿಚ್ಚಿ ಊದಿದರೆ ಆಯಿತು. ಯಾರಿಗೂ ನಂಬರು ಬೇಡ.

ಯಂತ್ರ ಕೆಟ್ಟದ್ದು ಅಂತ ನಾನು ಹೇಳುವುದಿಲ್ಲ. ನನಗಿಂತ ಬೇಗ ಓದುತ್ತದೆ, ಕುತ್ತಿಗೆಗೂ ಸೊಂಟಕ್ಕೂ ಅದಲುಬದಲು ಮಾಡುವುದಿಲ್ಲ. ಆದರೆ ನಿಲ್ಲುವುದಿಲ್ಲ ಅಂತ ಬರೆದಿದ್ದರೆ ಅದೂ ಒಂದನ್ನೇ ಹಾಕುತ್ತದೆ. ಅಂದು ನಾನೂ ಹಾಗೆಯೇ ಮಾಡಿದ್ದೆ.

ಹೋದ ಚಳಿಗಾಲದಲ್ಲಿ ಒಂದು ಪೈಪಿನ ಕೆಲಸಕ್ಕೆ ಉಗಾರ ಖುರ್ದದ ಕಡೆ ಹೋಗಿದ್ದೆ. ರಸ್ತೆಯ ಬದಿ ಕಬ್ಬು ಕಡಿದ ಹೊಲದಲ್ಲಿ ಕುರಿ ಇದ್ದವು. ಅಂಚಿನಲ್ಲಿ ಒಬ್ಬ ಬಡಿಗೆಯ ಮೇಲೆ ಗದ್ದ ಊರಿ ಬಗ್ಗಿ ನಿಂತಿದ್ದ. ಕಂಬಳಿ ನೋಡಿಯೇ ಗೊತ್ತಾಯಿತು. ಬೈಕು ನಿಲ್ಲಿಸಿದೆ.

"ಕಾಕಾ! ಮತ್ತ ಹಿಡಿತೇನ್ರಿ?"

"ಯಾರು, ಬಟನ್? ಬಾರಪಾ. ಏನ್ ಹಿಡೀತು?"

"ಕಾಲ್ರಿ. ಯಾಕ ನಿಂತೀರಿ ಮತ್ತ?"

"ಕುರಿ ಮೇಯಾಕತ್ತಾವ."

ನನಗೆ ನಂಬಿಕೆ ಬರಲಿಲ್ಲ. ಇದೇ ಮಾತನ್ನು ಬಿಳಿ ಟೈಲ್ಸಿನ ಮೇಲೆ ಕೇಳಿದವನು ನಾನು. ಬೈಕಿನಿಂದ ಇಳಿದು, ಹೊಲದೊಳಗೆ ಹೋಗಿ, ಬಗ್ಗಿ ಕುರಿಗಳ ಬಾಯಿ ನೋಡಿದೆ. ಕಬ್ಬಿನ ಹಸಿರು ಸೋಗೆ. ಎಲ್ಲವೂ ತಲೆ ಎತ್ತದೆ ಮೇಯುತ್ತಿದ್ದವು.

"ಏನಲೇ," ಹಿಂದಿನಿಂದ ಕಾಕಾ ಕೂಗಿದ, "ಈಗ ಅವಕ್ಕೂ ನಂಬರ ಹಾಕಾಂವೇನ?"

ಅಷ್ಟರಲ್ಲಿ ಹೋತದ ಗಂಟೆ ಅಲ್ಲಾಡಿತು. ಕುರಿಗಳು ಮುಂದೆ ಹೊರಟವು, ಕಾಕಾ ಬಡಿಗೆಯನ್ನು ಹೆಗಲಿಗೆ ಹಾಕಿ ಹಿಂದೆ ಹೊರಟ. ನಾನು ಎಣಿಸಿದೆ. ಇನ್ನೂರರವರೆಗೆ ಎಣಿಸಿ, ಪೈಪಿನ ಕೆಲಸಕ್ಕೆ ತಡವಾಯಿತು ಅಂತ ಬಿಟ್ಟೆ. ಅವನು ನಡೆಯುತ್ತಲೇ ಇದ್ದ.